ಫೈಲ್ ಕಣ್ಣೆದುರಿಗೇ ಇದೆ, ಆದ್ರೂ ‘ಡಿಎಲ್ಎಲ್ ಸಿಗಲಿಲ್ಲ’ ಅನ್ನುತ್ತೆ. ಯಾಕೆ?

ಕಬ್ಬನ್‌ಪೇಟೆ ಪ್ರೆಸ್:

ಎಲ್ಲರಿಗೂ ನಮಸ್ಕಾರ. ಕಬ್ಬನ್‌ಪೇಟೆಯಲ್ಲಿ ನಮ್ಮದೊಂದು ಸಣ್ಣ ಪ್ರಿಂಟಿಂಗ್ ಪ್ರೆಸ್. ಮದುವೆ, ಗೃಹಪ್ರವೇಶದ ಕಾರ್ಡುಗಳೇ ಹೆಚ್ಚು. ಆರ್ಡರು, ಅಡ್ವಾನ್ಸು, ಬಾಕಿ ಎಲ್ಲಾ 2017ರಿಂದ ಒಂದೇ ಬಿಲ್ಲಿಂಗ್ ಸಾಫ್ಟ್‌ವೇರಿನಲ್ಲಿದೆ. ಅದನ್ನ ಮಾಡಿಕೊಟ್ಟವರು ಈಗ ಫೋನಿಗೆ ಸಿಗ್ತಿಲ್ಲ. ಸಿಡಿಯೂ ಎಲ್ಲೋ ಕಳೆದುಹೋಗಿದೆ.

ಹಳೇ ಕಂಪ್ಯೂಟರ್ ಕೈಕೊಡೋಕೆ ಶುರು ಮಾಡ್ತು. ಅದರಲ್ಲಿದ್ದದ್ದು 32 ಬಿಟ್ ವಿಂಡೋಸ್ 7. ಕಳೆದ ವಾರ ಎಸ್.ಪಿ. ರಸ್ತೆಗೆ ಹೋಗಿ ವಿಂಡೋಸ್ 11 ಇರೋ ಹೊಸದು ತಂದೆ. ಸಾಫ್ಟ್‌ವೇರಿನ ಫೋಲ್ಡರನ್ನ ಹಾಗೇ ಪೆನ್‌ಡ್ರೈವಿನಲ್ಲಿ ತಂದು ಹಾಕಿ ಡಬಲ್ ಕ್ಲಿಕ್ ಮಾಡಿದ್ರೆ, ಎಂಎಸ್‌ವಿಸಿಪಿ140.ಡಿಎಲ್ಎಲ್ ಸಿಗಲಿಲ್ಲ ಅಂತ ಬಂತು. ಸಿಸ್ಟಮ್32 ಫೋಲ್ಡರ್ ತೆಗೆದು ನೋಡ್ತೀನಿ, ಅದೇ ಹೆಸರಿನ ಫೈಲು ಅಲ್ಲೇ ಇದೆ! ಅದನ್ನ ಕಾಪಿ ಮಾಡಿ ಸಾಫ್ಟ್‌ವೇರಿನ ಫೋಲ್ಡರಿಗೂ ಹಾಕಿದೆ. ಈಗ ಆ ಎರರ್ ಹೋಗಿ 0ಎಕ್ಸ್‌ಸಿ000007ಬಿ ಅಂತ ಬರ್ತಿದೆ.

ಪಕ್ಕದ ಅಂಗಡಿ ಹುಡುಗ ‘ಡಿಎಲ್ಎಲ್ ಫೈಲ್ ಕೊಡೋ ಸೈಟುಗಳಿವೆ ಅಂಕಲ್, ಇಳಿಸಿಕೊಡ್ತೀನಿ’ ಅಂತಿದ್ದಾನೆ. ಏಳು ವರ್ಷಕ್ಕೂ ಹೆಚ್ಚಿನ ಲೆಕ್ಕ ಅದರೊಳಗಿದೆ, ನನಗೆ ಕೈ ಬರ್ತಿಲ್ಲ. ಸರಿ ಹೋಗೋದು ಹೇಗೆ ಅನ್ನೋದರ ಜೊತೆಗೆ, ಈ ಡಿಎಲ್ಎಲ್ ಅಂದ್ರೆ ಏನು, ಇರೋ ಫೈಲನ್ನ ಇಲ್ಲ ಅಂತ ಯಾಕೆ ಅನ್ನುತ್ತೆ, ಅದನ್ನೂ ಯಾರಾದ್ರೂ ಬಿಡಿಸಿ ಹೇಳಿ.

ಜಯನಗರ 4ನೇ ಬ್ಲಾಕ್:

ಸಾರ್, ಆ ಸೈಟುಗಳ ಸಹವಾಸ ಬೇಡ. ಡಿಎಲ್ಎಲ್ ಅಂದ್ರೆ ಓಡೋ ಪ್ರೋಗ್ರಾಮಿನ ಭಾಗ. ಅದು ನಿಮ್ಮ ಬಿಲ್ಲಿಂಗಿನ ಒಳಗೆ ಕೂತು, ಬಿಲ್ಲಿಂಗ್ ಏನೇನು ಮುಟ್ಟಬಲ್ಲದೋ ಅದನ್ನೆಲ್ಲ ಮುಟ್ಟುತ್ತೆ. ಯಾರೋ ತಿದ್ದಿಟ್ಟ ಫೈಲಾದ್ರೆ ಲೆಕ್ಕವೂ ಹೋಯ್ತು. ಮೊದಲು ಡೇಟಾ ಬ್ಯಾಕಪ್ ತೆಗೆದಿಡಿ.

ಎಲೆಕ್ಟ್ರಾನಿಕ್ ಸಿಟಿ ಬಸ್:

ಮೇಲಿನವರು ಹೇಳಿದ್ದು ನೂರಕ್ಕೆ ನೂರು ಸರಿ. ನಾನು ಇದೇ ಕೆಲಸದಲ್ಲಿ ಇರೋನು, ನಿಧಾನವಾಗಿ ಹೇಳ್ತೀನಿ.

ಅಕ್ಷರ ಜೋಡಿಸೋದು, ಪಟ್ಟಿಯನ್ನ ಅಕಾರಾದಿಯಾಗಿ ಇಡೋದು, ಫೈಲು ತೆರೆಯೋದು, ಇವು ಎಲ್ಲ ಪ್ರೋಗ್ರಾಮಿಗೂ ಬೇಕಾದ ಕೆಲಸ. ಪ್ರತಿಯೊಬ್ಬರೂ ಇವನ್ನ ಹೊಸದಾಗಿ ಬರೆಯೋ ಬದಲು ಒಂದು ಫೈಲಿನಲ್ಲಿ ಬರೆದಿಟ್ಟು ಎಲ್ಲರೂ ಅಲ್ಲಿಂದ ಕರೆಸಿಕೊಳ್ತಾರೆ. ಅದೇ ಡಿಎಲ್ಎಲ್. ಹತ್ತು ಪ್ರೋಗ್ರಾಂ ಒಂದೇ ಡಿಎಲ್ಎಲ್ ಬಳಸಿದ್ರೂ ಅದರ ಕೋಡು ಸಾಮಾನ್ಯವಾಗಿ ಮೆಮೊರಿಯಲ್ಲಿ ಒಂದೇ ಸಲ ಇರುತ್ತೆ, ಡೇಟಾ ಮಾತ್ರ ಅವರವರದ್ದು. ಕೆಲವು ಡಿಎಲ್ಎಲ್‌ಗಳಲ್ಲಿ ಕೋಡಿಗಿಂತ ಐಕಾನು, ಚಿತ್ರ, ಮೆನುವಿನ ಮಾತುಗಳೇ ಹೆಚ್ಚು. ನೀವು ಫೋಲ್ಡರಿನ ಐಕಾನ್ ಬದಲಾಯಿಸೋಕೆ ಹೋದ್ರೆ ಸಾಲುಸಾಲು ಚಿತ್ರ ಬರುತ್ತಲ್ಲ, ಅವು ಶೆಲ್32.ಡಿಎಲ್ಎಲ್ ಥರದ ಫೈಲಿನಿಂದ ಬರೋವು.

ಈಗ ನಿಮ್ಮ ವಿಷಯ. 32 ಬಿಟ್, 64 ಬಿಟ್ ಅಂದ್ರೆ ಪ್ರೊಸೆಸರ್ ಒಂದು ಸಲಕ್ಕೆ ಹಿಡಿಯೋ ಅಂಕಿಯ ಅಳತೆ, ಅದಕ್ಕೆ ತಕ್ಕಂತೆ ಪ್ರೋಗ್ರಾಮುಗಳೂ ಎರಡು ಥರ. ಹಳೇದು 32 ಬಿಟ್ ವಿಂಡೋಸ್ ಅಂದಮೇಲೆ ನಿಮ್ಮ ಸಾಫ್ಟ್‌ವೇರೂ 32 ಬಿಟ್ಟೇ. 64 ಬಿಟ್ಟಿಂದಾಗಿದ್ರೆ ಅಲ್ಲಿ ಓಡ್ತಾನೇ ಇರ್ಲಿಲ್ಲ. ಹೊಸ ಕಂಪ್ಯೂಟರಿನದು 64 ಬಿಟ್ ವಿಂಡೋಸ್. ಅದರಲ್ಲಿ ಸಿಸ್ಟಮ್32 ಅನ್ನೋ ಫೋಲ್ಡರಿನಲ್ಲಿ ಇರೋದು 64 ಬಿಟ್ ಫೈಲುಗಳು. 32 ಬಿಟ್ಟಿನವು ಸಿಸ್‌ವಾವ್64 ಅನ್ನೋದರಲ್ಲಿ! ಹೆಸರು ತಿರುಗುಮುರುಗು ಅನ್ನಿಸುತ್ತೆ. ಹಳೇ ಪ್ರೋಗ್ರಾಮುಗಳ ಒಳಗೆ ಸಿಸ್ಟಮ್32 ಅಂತ ಬರೆದುಬಿಟ್ಟಿದ್ದರಿಂದ ಆ ಹೆಸರನ್ನ ಹಾಗೇ ಉಳಿಸಿಕೊಂಡರು. 32 ಬಿಟ್ ಪ್ರೋಗ್ರಾಂ ‘ಸಿಸ್ಟಮ್32’ ಅಂತ ಕೇಳಿದ್ರೆ ವಿಂಡೋಸ್ ಸದ್ದಿಲ್ಲದೆ ಅದನ್ನ ಸಿಸ್‌ವಾವ್64ಗೆ ಕಳಿಸುತ್ತೆ. ನೀವು ನೋಡಿದ ಫೋಲ್ಡರೇ ಬೇರೆ, ನಿಮ್ಮ ಬಿಲ್ಲಿಂಗ್ ನೋಡಿದ ಫೋಲ್ಡರೇ ಬೇರೆ. ಅದಕ್ಕೇ ‘ಸಿಗಲಿಲ್ಲ’.

ನೀವು ಪಕ್ಕಕ್ಕೆ ತಂದಿಟ್ಟದ್ದು 64 ಬಿಟ್ ಫೈಲು. ಸಿಕ್ತು, ಆದ್ರೆ 32 ಬಿಟ್ ಪ್ರೋಗ್ರಾಮಿನೊಳಗೆ ಕೂರಲ್ಲ. ಎರಡನೇ ಎರರಿನ ಅರ್ಥ ಅಷ್ಟೇ.

ನಿಮಗೆ ಬೇಕಾದ ಡಿಎಲ್ಎಲ್ ಬರೋದು ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಅನ್ನೋ ಪ್ಯಾಕೇಜಿನಲ್ಲಿ. ಅದನ್ನ ಮೈಕ್ರೋಸಾಫ್ಟಿನ ಸೈಟಿನಿಂದಲೇ ಇಳಿಸಿಕೊಳ್ಳಿ, ಹಣ ಕೊಡಬೇಕಿಲ್ಲ. ಎಕ್ಸ್64 (64 ಬಿಟ್ಟಿಂದು) ಅಲ್ಲ, ಎಕ್ಸ್86 (32 ಬಿಟ್ಟಿಂದು) ಅಂತಿರೋದು. ಸಿಡಿ ಇದ್ದಿದ್ರೆ ಇನ್‌ಸ್ಟಾಲ್ ಮಾಡುವಾಗ ಬಹುಶಃ ಅದೇ ಇದನ್ನೂ ಹಾಕಿರ್ತಿತ್ತು. ಬರೀ ಫೋಲ್ಡರ್ ತಂದಾಗ ಇದು ಹಿಂದೆ ಉಳಿದುಬಿಡುತ್ತೆ.

ಕಬ್ಬನ್‌ಪೇಟೆ ಪ್ರೆಸ್:

ಬಹಳ ಉಪಕಾರ ಆಯ್ತು. ಎಕ್ಸ್86 ನೋಡಿಕೊಂಡೇ ಹಾಕಿದೆ. ಸಿಸ್‌ವಾವ್64 ಒಳಗೆ ಫೈಲು ಬಂದಿರೋದೂ ಕಾಣ್ತಿದೆ. ಆದ್ರೆ ಇನ್ನೂ ಅದೇ 0ಎಕ್ಸ್‌ಸಿ000007ಬಿ. ಎರಡು ಸಲ ರೀಸ್ಟಾರ್ಟೂ ಮಾಡಿದೆ.

ಎಲೆಕ್ಟ್ರಾನಿಕ್ ಸಿಟಿ ಬಸ್:

ನೀವು ಕಾಪಿ ಮಾಡಿ ಹಾಕಿದ ಫೈಲು ಇನ್ನೂ ಸಾಫ್ಟ್‌ವೇರಿನ ಫೋಲ್ಡರಿನಲ್ಲೇ ಇದೆಯಾ? ಇದ್ರೆ ತೆಗೀರಿ. ಇಂಥ ಡಿಎಲ್ಎಲ್ ಹುಡುಕುವಾಗ ವಿಂಡೋಸ್ ಮೊದಲು ನೋಡೋದು ಪ್ರೋಗ್ರಾಂ ಇರೋ ಫೋಲ್ಡರು, ಸಿಸ್ಟಮ್ ಫೋಲ್ಡರು ಆಮೇಲೆ. ಮನೆಯಲ್ಲೇ ಆ ಹೆಸರಿನದು ಸಿಕ್ಕಿಬಿಟ್ರೆ ಮುಂದಕ್ಕೆ ಹೋಗೋದೇ ಇಲ್ಲ. ಇದನ್ನ ಮೊದಲೇ ಹೇಳಬೇಕಿತ್ತು, ಕ್ಷಮಿಸಿ.

ಉಬುಂಟು ಬಸವನಗುಡಿ:

ಲಿನಕ್ಸಿನಲ್ಲೂ ಇದೇ ಕಥೆ, ಅಲ್ಲಿ ಫೈಲಿನ ಹೆಸರು .ಎಸ್ಒ ಅಂತ. ಉಬುಂಟು ಅನ್ನೋ ಲಿನಕ್ಸಿನ 22.04 ಆವೃತ್ತಿಗೆ ಬಂದಾಗ ನನ್ನ ಹಳೇ ಪ್ರೋಗ್ರಾಂ ಲಿಬ್‌ಎಸ್‌ಎಸ್‌ಎಲ್.ಎಸ್ಒ.1.1 ಇಲ್ಲ ಅಂತ ನಿಂತುಹೋಯ್ತು. ಅದು ಓಪನ್‌ಎಸ್‌ಎಸ್‌ಎಲ್ ಅನ್ನೋ ಲೈಬ್ರರಿಯ ಹಳೇ 1.1 ಆವೃತ್ತಿಯ ಫೈಲು, ಅಲ್ಲಿ ಓಪನ್‌ಎಸ್‌ಎಸ್‌ಎಲ್ 3 ಬಂದಿತ್ತು. ಎಲ್‌ಡಿಡಿ ಅನ್ನೋ ಕಮಾಂಡ್ ಕೊಟ್ರೆ ಯಾವ್ಯಾವ ಲೈಬ್ರರಿ ಬೇಕು, ಯಾವುದು ಸಿಗ್ತಿಲ್ಲ ಅಂತ ಪಟ್ಟಿ ಕೊಡುತ್ತೆ. ಹೆಸರಿನ ಕೊನೆಯ ಅಂಕಿ ನೋಡದೆ ಬೇರೆ ಫೈಲಿಗೆ ಅದೇ ಹೆಸರಿಟ್ಟು ಓಡಿಸೋಕೆ ಹೋಗಬೇಡಿ, ನಾನು ಒಂದು ಭಾನುವಾರ ಪೂರ್ತಿ ಅದರಲ್ಲೇ ಕಳೆದೆ.

ಕಬ್ಬನ್‌ಪೇಟೆ ಪ್ರೆಸ್:

ಆ ಫೈಲು ತೆಗೆದ ತಕ್ಷಣ ಓಪನ್ ಆಯ್ತು ಸಾರ್! 2017ರ ಮೊದಲನೇ ಬಿಲ್ಲಿನಿಂದ ಹಿಡಿದು ಎಲ್ಲಾ ಇದೆ. ಬ್ಯಾಕಪ್ಪು ಎರಡು ಪೆನ್‌ಡ್ರೈವಿಗೆ ತೆಗೆದಿಟ್ಟೆ.

ನೀವು ಹೇಳಿದ್ದು ನನಗೆ ಹೇಗೆ ಅರ್ಥ ಆಯ್ತು ಅಂತ ಹೇಳಲೇಬೇಕು. ನಮ್ಮ ತಂದೆ ಕಾಲದಲ್ಲಿ ಟ್ರೆಡಲ್ ಮೆಷಿನ್ ಇತ್ತು, ಅಕ್ಷರದ ಮೊಳೆ ಜೋಡಿಸಿ ಅಚ್ಚು ಮಾಡ್ತಿದ್ರು. ಗಣಪತಿಯ ಬ್ಲಾಕು ಒಂದೇ, ಮೇಲಿನ ಡ್ರಾಯರಿನಲ್ಲಿ. ಯಾರ ಮನೆ ಮದುವೆ ಕಾರ್ಡಾದ್ರೂ ಅದನ್ನೇ ತೆಗೆದು ಮೇಲುಗಡೆ ಕೂರಿಸೋದು, ಅಚ್ಚಾದ ಮೇಲೆ ಸೀಮೆಎಣ್ಣೆಯಲ್ಲಿ ಒರೆಸಿ ವಾಪಸ್ ಇಡೋದು. ಒಂದು ಸಲ ಸುಲ್ತಾನ್‌ಪೇಟೆಯ ಸ್ನೇಹಿತರ ಪ್ರೆಸ್ಸಿನಿಂದ ಒಂದು ಬ್ಲಾಕ್ ತಂದೆವು. ಚಿತ್ರ ಅದೇ, ಅಳತೆ ಅದೇ, ಆದ್ರೆ ಅಡಿಯ ಮರದ ತುಂಡು ಸ್ವಲ್ಪ ದಪ್ಪ. ಮೊಳೆಗಳಿಗಿಂತ ಎತ್ತರ ನಿಂತು ಕಾಗದ ಹರಿದುಹೋಗ್ತಿತ್ತು, ಅಕ್ಷರ ಮಾತ್ರ ಮೂಡ್ತಿರಲಿಲ್ಲ. ತಂದೆ ಬೆರಳ ತುದಿ ಸವರಿ ನೋಡಿಯೇ ‘ಎತ್ತರ ಬೇರೆ ಕಣೋ’ ಅಂದಿದ್ರು. ನಾನು ಸಿಸ್ಟಮ್32ಯಿಂದ ತಂದಿಟ್ಟದ್ದೂ ಅಂಥದ್ದೇ ಬ್ಲಾಕು.

ಒಂದು ಕೊನೇ ಪ್ರಶ್ನೆ. ಈ ಎಕ್ಸ್86 ಹಾಕಿದ್ದರಿಂದ ಮೊದಲಿದ್ದ 64 ಬಿಟ್ಟಿನದಕ್ಕೆ ತೊಂದರೆ ಇಲ್ಲ ತಾನೆ? ಡಿಸೈನ್ ಮಾಡೋ ಸಾಫ್ಟ್‌ವೇರು ಅದೇ ಕಂಪ್ಯೂಟರಿನಲ್ಲಿದೆ.

ಎಲೆಕ್ಟ್ರಾನಿಕ್ ಸಿಟಿ ಬಸ್:

ಏನೂ ತೊಂದರೆ ಇಲ್ಲ. ಎರಡೂ ಬೇರೆ ಬೇರೆ ಫೋಲ್ಡರಿನಲ್ಲಿ ಒಟ್ಟಿಗೆ ಇರಬಹುದು, ಇರಬೇಕು ಕೂಡ. ಕಂಟ್ರೋಲ್ ಪ್ಯಾನೆಲ್ಲಿನಲ್ಲಿ ಒಂದೇ ಥರದ ಎರಡು ಹೆಸರು ಕಾಣ್ತಿವೆ ಅಂತ ಯಾವುದನ್ನೂ ಅನ್‌ಇನ್‌ಸ್ಟಾಲ್ ಮಾಡಬೇಡಿ. ಪಕ್ಕದ ಅಂಗಡಿ ಹುಡುಗನಿಗೂ ಹೇಳಿಡಿ.