ಬರ್ಲಿನ್‌ಗೆ ಮಕ್ಕಳ ಜೊತೆ ಹೊರಟಿದ್ದೇವೆ: ಶಾಲೆ, ಭಾಷೆ ಬಗ್ಗೆ ನಿಮ್ಮ ಅನುಭವ ಹೇಳಿ

ದಾವಣಗೆರೆಯಿಂದ, ಪ್ರಶ್ನೆ:

ಎಲ್ಲರಿಗೂ ನಮಸ್ಕಾರ. ನಮ್ಮ ಯಜಮಾನರು ಎಂಟು ತಿಂಗಳಿಂದ ಬರ್ಲಿನ್‌ನಲ್ಲಿದ್ದಾರೆ. ಜುಲೈ ಕೊನೆಗೆ ನಾನೂ ಮಕ್ಕಳೂ ಹೊರಡಬೇಕು. ಮಗಳಿಗೆ ಹತ್ತೂವರೆ, ಇಂಗ್ಲಿಷ್ ಮೀಡಿಯಂನಲ್ಲಿ ಐದನೇ ಕ್ಲಾಸು ಮುಗಿದಿದೆ. ಮಗನಿಗೆ ಆರು. ಇಬ್ಬರಿಗೂ ಜರ್ಮನ್ ಒಂದಕ್ಷರ ಬರಲ್ಲ. ಮಗಳನ್ನು ಮೊದಲು 'ವಿಲ್‌ಕೊಮೆನ್ಸ್‌ಕ್ಲಾಸೆ', ಅಂದರೆ ಜರ್ಮನ್ ಬಾರದ ಮಕ್ಕಳ ಸ್ವಾಗತ ತರಗತಿಗೆ ಹಾಕುತ್ತಾರಂತೆ. ಅಲ್ಲಿ ಸಿರಿಯಾ, ಅಫ್ಘಾನಿಸ್ತಾನ, ಉಕ್ರೇನ್‌ನಿಂದ ಬಂದ ನಿರಾಶ್ರಿತರ ಮಕ್ಕಳೇ ಜಾಸ್ತಿ, ಓದು ನಡೆಯಲ್ಲ, ಸಾಲ ಮಾಡಿಯಾದರೂ ಇಂಟರ್‌ನ್ಯಾಷನಲ್ ಸ್ಕೂಲಿಗೆ ಹಾಕಿ ಅಂತ ಪರಿಚಯದವರೊಬ್ಬರು ಹೇಳಿದರು. ಇನ್ನೊಬ್ಬರು, ಇವತ್ತಿನಿಂದಲೇ ಮನೆಯಲ್ಲಿ ಕನ್ನಡ ನಿಲ್ಲಿಸಿ, ಇಲ್ಲದಿದ್ದರೆ ಮಕ್ಕಳು ಹಿಂದೆ ಬೀಳ್ತಾರೆ ಅಂದರು. ನನಗೆ ರಾತ್ರಿ ನಿದ್ದೆ ಬರುತ್ತಿಲ್ಲ. ನಮ್ಮತ್ತೆಗೆ ಕನ್ನಡ ಬಿಟ್ಟು ಬೇರೆ ಬರಲ್ಲ, ಮೊಮ್ಮಕ್ಕಳ ದನಿ ಕೇಳದಿದ್ದರೆ ಊಟ ಸೇರಲ್ಲ. ಮಕ್ಕಳನ್ನು ಅಲ್ಲಿನ ಶಾಲೆಗೆ ಸೇರಿಸಿದವರು ದಯವಿಟ್ಟು ಹೇಳಿ.

ಬರ್ಲಿನ್ ಅಮ್ಮ:

ನಿಮ್ಮ ಪ್ರಶ್ನೆ ಓದಿ ಹತ್ತು ವರ್ಷ ಹಿಂದಿನ ನಾನೇ ಕಣ್ಮುಂದೆ ಬಂದೆ. ಸ್ವಲ್ಪ ಉದ್ದ ಬರೆಯುತ್ತೇನೆ, ಪುರುಸೊತ್ತಿನಲ್ಲಿ ಓದಿ.

ನಾವು ಬಂದದ್ದು 2015ರ ಸೆಪ್ಟೆಂಬರ್‌ನಲ್ಲಿ. ಮಗನಿಗೆ ಆಗ ಒಂಬತ್ತು. ಆ ಒಂದೇ ವರ್ಷ ಜರ್ಮನಿಗೆ ಸುಮಾರು 9 ಲಕ್ಷ ನಿರಾಶ್ರಿತರು ಬಂದರು. ಮುಚ್ಚಿದ್ದ ಟೆಂಪೆಲ್‌ಹೋಫ್ ವಿಮಾನ ನಿಲ್ದಾಣದ ಹ್ಯಾಂಗರುಗಳಲ್ಲಿ ಮಂಚದ ಮೇಲೆ ಮಂಚ ಜೋಡಿಸಿ ಕುಟುಂಬಗಳನ್ನು ಇರಿಸಿದ್ದರು. ಸ್ವಾಗತ ತರಗತಿಯಲ್ಲಿ ಮಗನ ಪಕ್ಕ ಕೂರುತ್ತಿದ್ದ, ಸಿರಿಯಾದ ಅಲೆಪ್ಪೋ ಊರಿನ ಹುಡುಗ ಅಲ್ಲಿಂದಲೇ ಶಾಲೆಗೆ ಬರುತ್ತಿದ್ದ. ಎರಡು ವರ್ಷ ಶಾಲೆಯ ಬಾಗಿಲು ಕಂಡಿರಲಿಲ್ಲ, ಮಗ್ಗಿ ಮರೆತುಹೋಗಿತ್ತು. ಆದರೆ ನನ್ನ ಮಗನಿಗಿಂತ ಮೊದಲು ಜರ್ಮನ್ ಮಾತಾಡಿದವನು ಅವನೇ. ಕಾರಣ, ಅವನಿಗೆ ಇಂಗ್ಲಿಷ್ ಬರುತ್ತಿರಲಿಲ್ಲ. ನೀರು ಬೇಕಾದರೂ ಜರ್ಮನ್‌ನಲ್ಲೇ ಕೇಳಬೇಕು. ನನ್ನ ಮಗ ಇಂಗ್ಲಿಷ್‌ನಲ್ಲೇ ದಿನ ತಳ್ಳುತ್ತಿದ್ದ, ಟೀಚರೂ ಪಾಪ ಅಂತ ಇಂಗ್ಲಿಷ್‌ನಲ್ಲೇ ಉತ್ತರಿಸುತ್ತಿದ್ದರು. ನಿಮ್ಮ ಮಗಳಿಗೂ ಇದು ಆಗಬಹುದು, ಮೊದಲ ವಾರದಲ್ಲೇ ಟೀಚರಿಗೆ ಹೇಳಿಡಿ.

ಒಂದು ದಿನ ಬೆಂಕಿ ಅಲಾರಂ ಪರೀಕ್ಷೆಗೆ ಸೈರನ್ ಬಾರಿಸಿದರಂತೆ. ಆ ಹುಡುಗ ಮೇಜಿನ ಕೆಳಗೆ ಹೋಗಿ ಕೂತುಬಿಟ್ಟ. ನನ್ನ ಮಗನೂ ಕೆಳಗಿಳಿದು ಅವನ ಪಕ್ಕ ಕೂತನಂತೆ. ಸಂಜೆ ಅದನ್ನು ನನಗೆ ಕನ್ನಡದಲ್ಲಿ ಹೇಳುತ್ತಾ, "ಅಮ್ಮಾ, ಅವನಿಗೆ ಆ ಸದ್ದು ಗೊತ್ತು" ಅಂದ. ಆ ತರಗತಿಯಲ್ಲಿ ಓದು ನಡೆಯಲ್ಲ ಅನ್ನುವವರಿಗೆ ನಾನು ಇದನ್ನೇ ಹೇಳುತ್ತೇನೆ. ನಮಗೆ ವಾಪಸ್ ಹೋಗಲು ಊರಿದೆ, ಟಿಕೆಟ್ಟಿಗೆ ದುಡ್ಡಿದೆ. ಅವರಿಗೆ ಎರಡೂ ಇಲ್ಲ. ಅವರ ಮಕ್ಕಳ ಪಕ್ಕ ಕೂತರೆ ನಮ್ಮ ಮಕ್ಕಳಿಗೆ ನಷ್ಟ ಅನ್ನುವ ಮಾತನ್ನು ದಯವಿಟ್ಟು ಮಗಳ ಕಿವಿಗೆ ಬೀಳಿಸಬೇಡಿ.

ಇನ್ನು ನಾನು ಮಾಡಿದ ತಪ್ಪು. ಶಾಲೆಯ ಒಬ್ಬರು ಮನೆಯಲ್ಲೂ ಜರ್ಮನ್ ಮಾತಾಡಿ ಅಂದರು. ಅವರು ಕೆಟ್ಟ ಮನಸ್ಸಿನಿಂದ ಹೇಳಿದ್ದಲ್ಲ. ನಾನು ನಂಬಿ ಕನ್ನಡ ನಿಲ್ಲಿಸಿದೆ. ನನ್ನ ಜರ್ಮನ್ ಆಗ ಹೇಗಿತ್ತೆಂದರೆ ತಿನ್ನು, ಮಲಗು, ಬೇಗ ಬಾ, ಅಷ್ಟೇ. ಮಗನಿಗೆ ಮನೆಯಲ್ಲಿ ಎರಡು ವರ್ಷ ಸಿಕ್ಕಿದ್ದು ಆ ಮೂರು ಮಾತು. ಕಥೆ ಇಲ್ಲ, ವಾದ ಇಲ್ಲ, 'ಯಾಕೆ' ಅಂತ ಕೇಳುವುದಿಲ್ಲ. ಹೊರಗೆ ಮಾತ್ರ ಪಟಪಟ ಜರ್ಮನ್ ಮಾತಾಡುತ್ತಿದ್ದ, ನಾವು ಗೆದ್ದೆವು ಅಂದುಕೊಂಡೆವು.

ಏಳನೇ ಕ್ಲಾಸಿನಲ್ಲಿ ಗೊತ್ತಾಯಿತು. ಜೀವಶಾಸ್ತ್ರದ ಪಾಠದಲ್ಲಿ ಎಲೆ ಹೇಗೆ ಆಹಾರ ತಯಾರಿಸುತ್ತದೆ ಅನ್ನುವ ಒಂದು ಪುಟ. ಗಟ್ಟಿಯಾಗಿ ತಪ್ಪಿಲ್ಲದೆ ಓದಿದ. ಏನರ್ಥ ಅಂತ ಕೇಳಿದರೆ ಸುಮ್ಮನೆ ಕೂತ. ಕೆನಡಾದಲ್ಲಿ ವಲಸಿಗರ ಮಕ್ಕಳ ಕಲಿಕೆಯನ್ನು ಅಧ್ಯಯನ ಮಾಡಿದ ಜಿಮ್ ಕಮಿನ್ಸ್ ಇದನ್ನು 1970ರ ದಶಕದ ಕೊನೆಯಿಂದಲೇ ಹೇಳುತ್ತಾ ಬಂದಿದ್ದಾರೆ: ಆಟದ ಮೈದಾನದ ಭಾಷೆ ಒಂದೆರಡು ವರ್ಷಕ್ಕೆ ಬರುತ್ತದೆ, ಪಾಠಪುಸ್ತಕದ ಭಾಷೆಗೆ ಐದರಿಂದ ಏಳು ವರ್ಷ ಬೇಕು. ಮೊದಲನೆಯದನ್ನು ನೋಡಿ ಎರಡನೆಯದೂ ಬಂತು ಅಂದುಕೊಳ್ಳುವುದು ನಮ್ಮಂಥವರೆಲ್ಲ ಮಾಡುವ ತಪ್ಪು. ತನ್ನ ಭಾಷೆಯಲ್ಲಿ ಒಂದು ವಿಷಯ ತಿಳಿದ ಮಗುವಿಗೆ ಹೊಸ ಭಾಷೆಯಲ್ಲಿ ಅದರ ಹೆಸರು ಕಲಿತರೆ ಸಾಕು. ವಿಷಯವೇ ತಿಳಿಯದ ಮಗುವಿಗೆ ಎರಡೂ ಭಾರ.

ಆಮೇಲೆ ದಾರಿ ಬದಲಿಸಿದೆವು. ದಿನಾ ಸಂಜೆ ಊಟಕ್ಕೆ ಮುಂಚೆ ಒಂದು ಪಾಠವನ್ನು ಅವನು ನನಗೆ ಕನ್ನಡದಲ್ಲಿ ವಿವರಿಸಬೇಕು. ಶುರುವಿನಲ್ಲಿ ಅಳುತ್ತಿದ್ದ, ಮಾತೇ ಸಿಗುತ್ತಿರಲಿಲ್ಲ. ಅರ್ಧ ಜರ್ಮನ್ ಬೆರೆಸಿದರೂ ಬಿಟ್ಟೆ. ಒಂದು ವರ್ಷ ಹಿಡಿಯಿತು. ವ್ಯಾಕರಣಕ್ಕೂ ಕನ್ನಡವೇ ಕೈಹಿಡಿಯಿತು ಅಂದರೆ ನಂಬಿ. ಜರ್ಮನ್‌ನಲ್ಲಿ ನಾಲ್ಕು ವಿಭಕ್ತಿ. 'ಡೇಮ್ ಕಿಂಡ್' ಅಂದರೆ ಮಗುವಿಗೆ, 'ಡೇನ್ ಬಾಲ್' ಅಂದರೆ ಚೆಂಡನ್ನು. ಇಂಗ್ಲಿಷ್ ಹಿಡಿದು ಹೋದರೆ ಇದು ಕಗ್ಗಂಟು, ನಮಗೆ 'ಅನ್ನು', 'ಗೆ' ನಾಲಿಗೆಯಲ್ಲೇ ಇದೆ. 'ವೈಲ್' ಅಂದರೆ 'ಏಕೆಂದರೆ'. ಅದು ಬಂದ ಕೂಡಲೇ ಕ್ರಿಯಾಪದ ವಾಕ್ಯದ ಕೊನೆಗೆ ಹೋಗುತ್ತದೆ, ನಮ್ಮ ಹಾಗೇ. ಕೈಗವಸಿಗೆ ಅವರು 'ಹಾಂಡ್‌ಷೂ' ಅನ್ನುತ್ತಾರೆ, ಕೈಯ ಷೂ. ನಾವು ಕಾಲುಚೀಲ ಅನ್ನುವುದಿಲ್ಲವೇ? ಇದನ್ನು ಮಗಳಿಗೆ ವಿಮಾನದಲ್ಲೇ ಹೇಳಿಕೊಡಿ, ಭಾಷೆಯ ಭಯ ಅರ್ಧ ಕಡಿಮೆಯಾಗುತ್ತದೆ.

ಉಳಿದದ್ದು ಬೇಗ ಹೇಳುತ್ತೇನೆ. ಒಂದನೇ, ಎರಡನೇ ಕ್ಲಾಸಿನ ವಯಸ್ಸಿನವರನ್ನು ಬರ್ಲಿನ್‌ನಲ್ಲಿ ಸಾಮಾನ್ಯವಾಗಿ ನೇರ ಮಾಮೂಲಿ ತರಗತಿಗೇ ಸೇರಿಸುತ್ತಾರೆ, ಹಾಗಾಗಿ ಮಗನ ಚಿಂತೆ ಬಿಡಿ. ಮಗಳ ವಿಷಯದಲ್ಲಿ ನೆನಪಿಡಬೇಕಾದ್ದು: ಬೇರೆ ಹೆಚ್ಚಿನ ರಾಜ್ಯಗಳಲ್ಲಿ ನಾಲ್ಕನೇ ಕ್ಲಾಸಿಗೇ ಮಕ್ಕಳನ್ನು ಬೇರೆ ಬೇರೆ ಬಗೆಯ ಶಾಲೆಗೆ ವಿಂಗಡಿಸಿದರೆ, ಬರ್ಲಿನ್‌ನಲ್ಲಿ ಆರನೇ ಕ್ಲಾಸಿನ ನಂತರ. ಎಲ್ಲರೂ 'ಗಿಮ್ನಾಸಿಯುಮ್', ಅಂದರೆ ವಿಶ್ವವಿದ್ಯಾಲಯದ ಓದಿಗೆ ತಯಾರು ಮಾಡುವ ಶಾಲೆ, ಅಂತ ಜಪಿಸುತ್ತಾರೆ. ಅಲ್ಲಿ ಒಟ್ಟು 12 ವರ್ಷ ಓದಿದ ಮೇಲೆ ಅಬಿಟೂರ್, ಅಂದರೆ ನಮ್ಮ ಪಿಯುಸಿಯಂಥ ಕೊನೆಯ ಪರೀಕ್ಷೆ. 'ಇಂಟೆಗ್ರಿಯೆರ್ಟೆ ಸೆಕುಂಡಾರ್‌ಶೂಲೆ' ಅಂತ ಇನ್ನೊಂದು ಬಗೆಯ ಶಾಲೆಯಿದೆ, ಅದೇ ಅಬಿಟೂರ್ ಸಾಮಾನ್ಯವಾಗಿ 13 ವರ್ಷಕ್ಕೆ. ತಡವಾಗಿ ಭಾಷೆ ಕಲಿತ ಮಗುವಿಗೆ ಆ ಒಂದು ವರ್ಷ ವರ. ನನ್ನ ಮಗ ಆ ದಾರಿಯಲ್ಲೇ ಮುಗಿಸಿದ.

ಧಾರವಾಡದಾಕಿ, ಈಗ ಮ್ಯೂನಿಕ್:

ಅಕ್ಕಾರ, ಹೆದರಬ್ಯಾಡ್ರಿ. ನಮ್ಮ ಹುಡುಗಿ ಬಂದಾಗ ಎಂಟು ವರ್ಷದಾಕಿ ಇದ್ಲು. ಮದಲ್ನೇ ಎರಡ ವಾರ ಡಬ್ಬಿ ಹಂಗ ವಾಪಸ್ ತರ್ತಿದ್ಲು. ಚಪಾತಿ ನೋಡಿ ಒಬ್ಬಾಂವ ಮೂಗ ಮುಚ್ಕೊಂಡನಂತ. ನಾನು ಬ್ರೆಡ್ಡು ಬೆಣ್ಣಿ ಹಾಕಿ ಕಳಿಸಾಕ ಸುರು ಮಾಡಿದ್ದೆ. ಆಮ್ಯಾಲ ನಮ್ಮವ್ವ ಫೋನಿನ್ಯಾಗ ಬೈದ್ಲು. ಕ್ಲಾಸಿನ್ಯಾಗ ಎಲ್ಲಾರೂ ಕೂಡಿ ನಾಷ್ಟಾ ಮಾಡೋ ದಿನ ಇತ್ತು, ಟೀಚರ್‌ನ ಕೇಳಿ ಹೋಳಿಗಿ ಮಾಡಿ ಒಯ್ದೆ. ಮೂಗ ಮುಚ್ಕೊಂಡ ಹುಡುಗನ ನಾಕ ತಿಂದ. ಶೇಂಗಾದ್ದು ಒಯ್ಯೂದಿದ್ರ ಮದಲ ಕೇಳ್ರಿ, ಅಲರ್ಜಿ ಇರೋ ಮಕ್ಕಳು ಇರ್ತಾವ.

ಇನ್ನೊಂದ ಮಾತು. ಶಾಲ್ಯಾಗ ಈಜು ಕಲಿಸ್ತಾರ, ಅದೂ ಪಾಠದಾಗ ಒಂದು. ಬರ್ಲಿನ್‌ನ್ಯಾಗ ಮೂರನೇ ಕ್ಲಾಸಿಗೆ. ನಿಮ್ಮ ಮಗಳು ಅದನ್ನ ದಾಟಿ ಬರ್ತಾಳ, ಉಳಿದ ಭಾಳಷ್ಟು ಮಕ್ಕಳಿಗೆ ಈಜು ಬರ್ತಿರ್ತದ. ದಾವಣಗೆರಿಯೊಳಗ ಈಗ ಸೇರಿಸಿಬಿಡ್ರಿ. 'ಜೇಪ್ಫೇರ್ಡ್‌ಶೆನ್' ಅಂತ ಕಡಲಕುದುರಿ ಚಿತ್ರದ ಬಿಲ್ಲೆ ಕೊಡ್ತಾರ, 25 ಮೀಟರ್ ಈಜಬೇಕು, ನೀರಿಗೆ ಜಿಗಿಬೇಕು, ಭುಜದ ಮಟ್ಟದ ನೀರಿನ್ಯಾಗಿಂದ ಒಂದು ಸಾಮಾನು ಎತ್ತಬೇಕು. ಅದು ಬಟ್ಟಿಗೆ ಹೊಲಕೊಂಡ ದಿನ ನಮ್ಮ ಹುಡುಗಿ ನಡಿಯೂ ಧಾಟಿನ ಬದಲಾತು.

ಸ್ಟುಟ್‌ಗಾರ್ಟ್‌ನಿಂದ ಒಬ್ಬ ತಂದೆ:

ಬರ್ಲಿನ್ ಅಮ್ಮ ಹೇಳಿದ್ದರಲ್ಲಿ ಕನ್ನಡದ ವಿಷಯ ನೂರಕ್ಕೆ ನೂರು ಒಪ್ಪುತ್ತೇನೆ. ಆದರೆ ಪ್ರತ್ಯೇಕ ತರಗತಿಯ ಬಗ್ಗೆ ನನ್ನದೊಂದು ಎಚ್ಚರಿಕೆ. ಅಲ್ಲಿ ಯಾರಿದ್ದಾರೆ ಅನ್ನುವುದು ತೊಂದರೆಯೇ ಅಲ್ಲ. ಅಲ್ಲಿ ಎಷ್ಟು ದಿನ ಇರಿಸುತ್ತಾರೆ ಅನ್ನುವುದೇ ಪ್ರಶ್ನೆ. ನನ್ನ ಮಗಳು ಒಂದೂವರೆ ವರ್ಷ ಅಲ್ಲೇ ಇದ್ದಳು. ಜರ್ಮನ್ ಮಕ್ಕಳು ಇನ್ನೊಂದು ಕಟ್ಟಡದಲ್ಲಿ. ಯಾರ ಜೊತೆ ಮಾತಾಡಿ ಜರ್ಮನ್ ಕಲಿಯಬೇಕು? ನಾನು ಕೇಳಿದ್ದರೆ ಮೊದಲ ತಿಂಗಳೇ ಗಣಿತ, ಆಟ, ಸಂಗೀತಕ್ಕೆ ಮಾಮೂಲಿ ತರಗತಿಗೆ ಕಳಿಸುತ್ತಿದ್ದರು. ಕೇಳಬಹುದು ಅಂತಲೇ ನನಗೆ ಗೊತ್ತಿರಲಿಲ್ಲ. ನಮ್ಮೂರಲ್ಲಿ ಟೀಚರನ್ನು ಪ್ರಶ್ನಿಸಿದರೆ ಅಗೌರವ, ಇಲ್ಲಿ ಕೇಳದಿದ್ದರೆ ಅಪ್ಪ ಅಮ್ಮನಿಗೆ ಆಸಕ್ತಿ ಇಲ್ಲ ಅಂದುಕೊಳ್ಳುತ್ತಾರೆ. ಪೋಷಕರ ಸಭೆ, 'ಎಲ್ಟರ್ನ್‌ಆಬೆಂಡ್', ಭಾಷೆ ಅರ್ಥವಾಗದಿದ್ದರೂ ತಪ್ಪಿಸಬೇಡಿ.

ಈ ದೇಶಕ್ಕೆ ಈ ವಿಷಯದಲ್ಲಿ ಹಳೆಯ ಪಾಠವೊಂದಿದೆ. 1955ರಲ್ಲಿ ಇಟಲಿ, 1961ರಲ್ಲಿ ಟರ್ಕಿ ಜೊತೆ ಒಪ್ಪಂದ ಮಾಡಿಕೊಂಡು ಕಾರ್ಖಾನೆಗಳಿಗೆ ಕೆಲಸಗಾರರನ್ನು ಕರೆಸಿದರು. ಹೆಸರೇ 'ಅತಿಥಿ ಕಾರ್ಮಿಕರು', ದುಡಿದು ಹೊರಟುಹೋಗುವವರು. ಅವರು ಉಳಿದರು, ಹೆಂಡತಿ ಮಕ್ಕಳು ಬಂದರು. ಹೇಗೂ ವಾಪಸ್ ಹೋಗುತ್ತಾರಲ್ಲ ಅಂತ ಆ ಮಕ್ಕಳನ್ನು ಎಷ್ಟೋ ಕಡೆ ಬೇರೆ ತರಗತಿಗಳಲ್ಲೇ ಕೂರಿಸಿದರು. ಹಲವು ದೇಶಗಳ ಹದಿನೈದು ವರ್ಷದ ಮಕ್ಕಳ ಕಲಿಕೆಯನ್ನು ಹೋಲಿಸುವ 'ಪೀಸಾ' ಪರೀಕ್ಷೆಯ 2000ದ ಫಲಿತಾಂಶ ಬಂದಾಗ ದೇಶವೇ ಬೆಚ್ಚಿಬಿತ್ತು. ಮಗುವಿನ ಅಂಕ ಅದರ ಮನೆಯ ಸ್ಥಿತಿಯನ್ನು ಇಷ್ಟು ನೆಚ್ಚಿಕೊಂಡಿರುವುದು ಅಭಿವೃದ್ಧಿ ಹೊಂದಿದ ದೇಶಗಳಲ್ಲೇ ಅಪರೂಪ ಅಂತ ಹೊರಬಿತ್ತು. ನನ್ನ ಜೊತೆ ಕೆಲಸ ಮಾಡುವ ಟರ್ಕಿ ಮೂಲದ ಸ್ನೇಹಿತನ ಅಕ್ಕ ಅಂಥ ತರಗತಿಯಿಂದ ಬಂದವರು. ಕ್ಲಾಸಿಗೇ ಮೊದಲಿಗಳಾಗಿದ್ದರೂ ಗಿಮ್ನಾಸಿಯುಮ್‌ಗೆ ಕಳಿಸಿ ಅಂತ ಯಾರೂ ಹೇಳಲಿಲ್ಲ ಅಂತ ಇವತ್ತಿಗೂ ಹೇಳುತ್ತಾರೆ. ನಿಮ್ಮ ಮಗಳ ವಿಷಯದಲ್ಲಿ ಶಾಲೆಯವರು ಏನು ಶಿಫಾರಸು ಮಾಡಿದರೂ ಕಾರಣ ಕೇಳಿ.

ಹಾಂ, ಇಲ್ಲಿ ಅಂಕ ತಲೆಕೆಳಗು. 1 ಅತ್ಯುತ್ತಮ, 6 ನಪಾಸು. ಮೊಮ್ಮಗಳಿಗೆ ಗಣಿತದಲ್ಲಿ 2 ಬಂತು ಅಂತ ಕೇಳಿ ನನ್ನ ತಂದೆ ತುಂಬಾ ನೊಂದುಕೊಂಡರು. ನಿಮ್ಮತ್ತೆಯವರಿಗೆ ಮೊದಲೇ ತಿಳಿಸಿ.

ಕುಶಾಲನಗರದವನು:

ನಾನು ಜರ್ಮನಿ ನೋಡಿಲ್ಲ. ಹೇಳುವುದು ಬೈಲುಕುಪ್ಪೆಯ ವಿಷಯ, ನಮ್ಮ ಮನೆಯಿಂದ ಹೊಳೆ ದಾಟಿದರೆ ಸಿಗುವ ಊರು. 1960ರ ಸುಮಾರಿಗೆ ಟಿಬೆಟಿನಿಂದ ಬಂದವರಿಗೆ ಅಲ್ಲಿ ಕಾಡು ಕಡಿದು ಜಮೀನು ಮಾಡಿಕೊಟ್ಟರು. ಚಳಿದೇಶದ ಜನ, ಆನೆ ಕಾಟದ ನಡುವೆ ಮುಸುಕಿನ ಜೋಳ ಬೆಳೆದರು. ಅವರ ಮಕ್ಕಳಿಗೆಂದು 1961ರಲ್ಲಿ ಕೇಂದ್ರ ಸರ್ಕಾರವೇ ಟಿಬೆಟನ್ ಶಾಲೆಗಳ ಆಡಳಿತ ಸಂಸ್ಥೆ ಕಟ್ಟಿತು. ಓದಿನ ಜೊತೆ ಅವರ ಭಾಷೆ, ಅವರ ಹಾಡು ಕುಣಿತ ಎಲ್ಲ ಅಲ್ಲೇ. ನನ್ನ ಜೊತೆ ಕಾಲೇಜಿನಲ್ಲಿ ಓದಿದ ಟಿಬೆಟನ್ ಗೆಳೆಯ ಮನೆಯಲ್ಲಿ ಟಿಬೆಟಿ, ಕ್ಲಾಸಿನಲ್ಲಿ ಇಂಗ್ಲಿಷ್, ಬಾಂಬೆಗೆ ಸ್ವೆಟರ್ ಮಾರಲು ಹೋದಾಗ ಹಿಂದಿ, ಸಂತೆಯಲ್ಲಿ ನಮ್ಮಷ್ಟೇ ಚೆಂದದ ಕನ್ನಡ ಮಾತಾಡುತ್ತಿದ್ದ. ಅವನು ಟಿಬೆಟಿ ಬಿಟ್ಟಿದ್ದರೆ ಕನ್ನಡ ಇನ್ನೂ ಚೆನ್ನಾಗಿ ಬರುತ್ತಿತ್ತು ಅಂತ ನನಗೆ ಯಾವತ್ತೂ ಅನ್ನಿಸಿಲ್ಲ. ಮೂರು ತಲೆಮಾರಾಯಿತು, ಅಜ್ಜಿ ಮೊಮ್ಮಕ್ಕಳು ಈಗಲೂ ಒಂದೇ ಭಾಷೆಯಲ್ಲಿ ಜಗಳ ಆಡುತ್ತಾರೆ.

ಫ್ರಾಂಕ್‌ಫರ್ಟ್, 21 ವರ್ಷ:

ಆಂಟಿ, ನಾನು ಎಂಟು ವರ್ಷಕ್ಕೆ ಇಲ್ಲಿಗೆ ಬಂದವಳು. ಮಕ್ಕಳ ಕಡೆಯಿಂದ ಒಂದೇ ಮಾತು. ದಯವಿಟ್ಟು ನೀವೂ ಜರ್ಮನ್ ಕಲಿಯಿರಿ.

ಮಕ್ಕಳಿಗೆ ಭಾಷೆ ಬೇಗ ಬರುತ್ತದೆ, ಆಮೇಲೆ ಬ್ಯಾಂಕು, ಮನೆ ಮಾಲೀಕರು, ಆಸ್ಪತ್ರೆ, ಎಲ್ಲ ಕಡೆ ಅವರೇ ದುಭಾಷಿ ಆಗುತ್ತಾರೆ. ನಾನು ಹತ್ತು ವರ್ಷದವಳಿದ್ದಾಗ ಅಪ್ಪನ ಪರವಾಗಿ ಆಫೀಸಿನವರ ಹತ್ತಿರ ಬೈಸಿಕೊಂಡಿದ್ದೇನೆ. ಬೈಗುಳವನ್ನು ಅಪ್ಪನಿಗೆ ಕನ್ನಡದಲ್ಲಿ ಹೇಳಲಿಲ್ಲ, ಏನೋ ಒಂದು ಹೇಳಿದೆ. ನನ್ನ ಅಫ್ಘಾನ್ ಗೆಳತಿಯದು ಇನ್ನೂ ಕಷ್ಟ. ಅವಳ ತಾಯಿಯ ಎದೆಯಲ್ಲಿರುವುದು ಎಂಥ ಗಡ್ಡೆ ಅಂತ ಡಾಕ್ಟರು ಹೇಳಿದ್ದನ್ನು ಹನ್ನೊಂದು ವರ್ಷದ ಅವಳೇ ದರಿ ಭಾಷೆಯಲ್ಲಿ ತಾಯಿಗೆ ಹೇಳಬೇಕಾಯಿತು. ಆಸ್ಪತ್ರೆಗೆ ಹೋಗುವಾಗ ದೊಡ್ಡವರೊಬ್ಬರನ್ನು ಕರೆದುಕೊಂಡು ಹೋಗಿ, ಮಕ್ಕಳನ್ನು ಬೇಡ.

ಹೊಸಬರಿಗೆ ಸರ್ಕಾರದ 'ಇಂಟೆಗ್ರೇಷನ್ಸ್‌ಕುರ್ಸ್' ಇದೆ, ಸಾಮಾನ್ಯವಾಗಿ 600 ಗಂಟೆ ಭಾಷೆ, 100 ಗಂಟೆ ಇಲ್ಲಿನ ಕಾನೂನು, ಇತಿಹಾಸ, ಜನಜೀವನ. 'ಫೋಕ್ಸ್‌ಹೋಕ್‌ಶೂಲೆ' ಅಂತ ಊರೂರಿನಲ್ಲೂ ಇರುವ ಸಾರ್ವಜನಿಕ ಕಲಿಕಾ ಕೇಂದ್ರಗಳಲ್ಲಿ ಕಡಿಮೆ ಫೀಸಿಗೂ ಜರ್ಮನ್ ಕಲಿಯಬಹುದು. ನಮ್ಮಮ್ಮ ಸೇರಿದ್ದು ನಾವು ಬಂದ ಐದನೇ ವರ್ಷ. ಸಿರಿಯಾದ ಹೆಂಗಸೊಬ್ಬರು ಅಲ್ಲಿ ಅಮ್ಮನಿಗೆ ಗೆಳತಿಯಾದರು, ಇಬ್ಬರೂ ಮುರುಕು ಜರ್ಮನ್‌ನಲ್ಲಿ ಬದನೆಕಾಯಿ ಅಡುಗೆ ಬಗ್ಗೆ ಗಂಟೆಗಟ್ಟಲೆ ಮಾತಾಡುತ್ತಾರೆ.

ದಾವಣಗೆರೆಯಿಂದ:

ಎಲ್ಲರದ್ದೂ ಎರಡೆರಡು ಸಲ ಓದಿದೆ. ಮಗಳಿಗೆ ಕಾಲುಚೀಲದ್ದು ಹೇಳಿದೆ, ಆಗಿನಿಂದ ಮನೆಯಲ್ಲಿರುವ ಎಲ್ಲದಕ್ಕೂ ಹಾಗೇ ಹೆಸರಿಡುತ್ತಿದ್ದಾಳೆ. ನಾಳೆ ಈಜಿಗೆ ಸೇರಿಸುತ್ತೇವೆ. ಇಂಟರ್‌ನ್ಯಾಷನಲ್ ಸ್ಕೂಲಿನ ಫಾರಂ ತುಂಬುವುದು ಬೇಡ ಅಂತ ಯಜಮಾನರಿಗೂ ಹೇಳಿದೆ. ಒಂದು ಕೇಳುವುದು ಉಳಿಯಿತು. ಒಂದನೇ ಕ್ಲಾಸಿನ ಮೊದಲ ದಿನಕ್ಕೆ ಮಕ್ಕಳ ಕೈಗೆ ಐಸ್‌ಕ್ರೀಮ್ ಕೋನಿನಂಥ ದೊಡ್ಡ ಕಾಗದದ ಪೊಟ್ಟಣ ಕೊಡಬೇಕಂತಲ್ಲ, ಅದನ್ನು ಇಲ್ಲಿಂದಲೇ ಒಯ್ಯಬೇಕಾ?

ಧಾರವಾಡದಾಕಿ:

'ಷುಲ್‌ಟ್ಯೂಟೆ' ಅದರ ಹೆಸರು. ಅಲ್ಲೇ ಅಂಗಡ್ಯಾಗ ಸಿಗ್ತದ, ಮನ್ಯಾಗೂ ಮಾಡಬಹುದು. ಬರ್ಲಿನ್‌ನ್ಯಾಗ ಆ ಸಮಾರಂಭ ರಜಾ ಮುಗಿದ ಮ್ಯಾಲ ಶನಿವಾರ ಇರ್ತದ. ಒಳಗ ಪೆನ್ಸಿಲ್ಲು, ಚಾಕಲೇಟು ತುಂಬತಾರ. ನಿಮ್ಮತ್ತ್ಯಾರ ಕೈಲೆ ಕೊಬ್ಬರಿ ಮಿಠಾಯಿ ಮಾಡಿಸ್ಕೊಂಡು ಹೋಗ್ರಿ, ಅದನ್ನ ತುದಿಗೆ ಹಾಕ್ರಿ, ಕಡೀಕ ಸಿಗಬೇಕು ಅಂವಗ.