ಹಸು ಮಾರೋ ಮುಂಚೆ ಅತ್ತೆ ಮಾತು ಸ್ವಲ್ಪ ಕೇಳಪ್ಪ

ದೊಡ್ಡೋನೆ, ರಾತ್ರಿ ನೀನು ಗ್ರೂಪಲ್ಲಿ ಹಾಕಿದ್ದು ಈಗ ಡೈರಿಗೆ ಹಾಲು ಹಾಕಿ ಬಂದು ನೋಡ್ದೆ ಕಣಪ್ಪ. ಬೆಂಗಳೂರು ಕೆಲಸ ಬಿಟ್ಟು ಊರಿಗೆ ಬರ್ತೀನಿ, ಮೂರು ಹಸು ಮಾರಿ ರೇಷ್ಮೆ ತೋಟ ಕಿತ್ತಾಕಿ ಎರಡೂವರೆ ಎಕರೆಗೂ ಡ್ರಿಪ್ಪು, ಮಲ್ಚಿಂಗು ಅಂತ ಸಾಲಿನ ಮೇಲೆ ಪ್ಲಾಸ್ಟಿಕ್ ಹೊದಿಕೆ ಹಾಕಿ ಟೊಮೆಟೋ ಮಾಡ್ತೀನಿ, ಜಮೀನಿನ ಮೇಲೆ ಆರು ಲಕ್ಷ ಲೋನ್ ತಗೋತೀನಿ ಅಂತ ಬರ್ದಿದೀಯ. ಊರಿಗೆ ಬರ್ತೀನಿ ಅಂದಿದ್ದು ಓದಿ ಕಣ್ಣಲ್ಲಿ ನೀರು ಬಂತು ನಂಗೆ. ಬಾ, ಅದಕ್ಕೆ ಎರಡು ಮಾತಿಲ್ಲ. ಆದ್ರೆ ಎಲ್ಲಾನೂ ಕಿತ್ತು ಒಂದೇ ಬೆಳೆ ಅಂದ್ಯಲ್ಲ ಅದಕ್ಕೆ ನನ್ನ ಮನಸ್ಸು ಒಪ್ತಿಲ್ಲ. ಉದ್ದ ಆಗುತ್ತೆ, ಪೂರ್ತಿ ಕೇಳು, ಅಣ್ಣ ಅತ್ತಿಗೆ ನೀವೂ ಕೇಳಿ.

2023ರ ಜುಲೈಲಿ ಕೋಲಾರ ಮಾರ್ಕೆಟಲ್ಲಿ 15 ಕೆಜಿ ಬಾಕ್ಸು 2000 ದಾಟಿತ್ತು ಅಂದೆ, ನಿಜ, ನಾವೂ ನೋಡಿದೀವಿ. ಯಾಕೆ ದಾಟ್ತು ಹೇಳು? ಆ ವರ್ಷ ಎಲೆ ಮುದುಡೋ ವೈರಸ್ಸು ಬಂದು ನಮ್ಮ ಕಡೆ ತೋಟಕ್ಕೆ ತೋಟನೇ ಹೋಗಿತ್ತು, ಮಾರ್ಕೆಟ್ಟಿಗೆ ಕಾಯಿ ಬರ್ಲಿಲ್ಲ, ಯಾರ್ ತೋಟ ಉಳಿದಿತ್ತೋ ಅವ್ರಿಗೆ ಆ ರೇಟು ಸಿಕ್ತು ಅಷ್ಟೇ. ಅದು ನೋಡಿ ಎಲ್ಲಾರೂ ನಾಟಿ ಹಾಕಿದ್ರು, ಸೆಪ್ಟೆಂಬರ್ ಹೊತ್ತಿಗೆ ರೇಟು ಬಿದ್ದೋಯ್ತು. ನಮ್ಮ ಎದುರುಮನೆಯವ್ರು ಆವಾಗ ನಾಟಿ ಹಾಕಿದೋರೇ, ಕೀಳೋ ಕೂಲಿನೂ ಬರಲ್ಲ ಅಂತ ಹಣ್ಣನ್ನ ಗಿಡದಲ್ಲೇ ಬಿಟ್ಟು ಕುರಿ ಹೊಡೆದ್ರು ತೋಟಕ್ಕೆ. ಔಷಧಿ ಅಂಗಡಿ ಸಾಲ, ಗಿಡಕ್ಕೆ ಆಸರೆ ಕೊಡೋ ಕಡ್ಡಿ ಸಾಲ, ಸಸಿ ತಂದ ಸಾಲ ಎಲ್ಲಾ ಹಾಗೇ ನಿಂತ್ಕೊಂಡ್ತು. ಆ ಮನೆ ಹೆಂಗಸು ನಮ್ಮ ಸ್ತ್ರೀಶಕ್ತಿ ಸಂಘದಲ್ಲೇ ಇರೋದು, ಈಗ್ಲೂ ವಾರಾವಾರ ಕಂತು ಕಟ್ಟೋವಾಗ ಆಯಮ್ಮನ ಮುಖ ನೋಡೋಕಾಗಲ್ಲ.

ಟೊಮೆಟೋ ಬೇಡ ಅಂತಿಲ್ಲ ನಾನು. ದುಡ್ಡು ಎಷ್ಟು ಬರುತ್ತೆ ಅಂತ ನೀನು ಲೆಕ್ಕ ಹಾಕಿದೀಯ, ಯಾವಾಗ ಬರುತ್ತೆ ಅಂತ ಹಾಕಿಲ್ಲ. ಬಡವರ ಮನೆ ಮುರಿಯೋದು ವರ್ಷದ ಲೆಕ್ಕ ಕಮ್ಮಿ ಆಗಿ ಅಲ್ಲ ಮಗಾ, ಜ್ವರ ಬಂದ ದಿನ, ಸ್ಕೂಲ್ ಫೀಸ್ ಕಟ್ಟೋ ದಿನ ಕೈಲಿ ಕಾಸಿಲ್ದೆ ಬಡ್ಡಿಗೆ ತರ್ತಾರಲ್ಲ ಅಲ್ಲಿಂದ ಶುರು ಆಗೋದು. ನನಗೆ ಮದುವೆಯಾಗಿ ಶಿಡ್ಲಘಟ್ಟದ ಕಡೆ ಬಂದಾಗ ಈ ಮನೇಲಿ ಇದ್ದಿದ್ದು ಮಳೆ ರಾಗಿ ಒಂದೇ, ವರ್ಷಕ್ಕೊಂದ್ಸಲ ದುಡ್ಡು, ಉಳಿದ ಹನ್ನೊಂದು ತಿಂಗಳು ಸಾಲ. ಹಸು ಕಟ್ಟಿದ್ಮೇಲೆ ಡೈರಿ ಬಟವಾಡೆ ಬಂತು, ಕಮ್ಮಿನೋ ಜಾಸ್ತಿನೋ ತಪ್ಪದೇ ಬರುತ್ತೆ, ದಿನಸಿ ಸಾಮಾನು ಸಾಲಕ್ಕೆ ತರೋದು ನಿಂತೋಯ್ತು. ರೇಷ್ಮೆ ಬೆಳೆ ಎತ್ತಿದಾಗ ಒಂದು ಗಂಟು ಬರುತ್ತೆ, ಅದ್ರಲ್ಲಿ ಫೀಸು, ಗೊಬ್ಬರ. ರಾಗಿ ಊಟಕ್ಕೆ, ಹುಲ್ಲು ಹಸುಗೆ. ಎರಡು ಕುರಿ ಅಂದ್ರೆ ಆಸ್ಪತ್ರೆಗೆ ಇಟ್ಟಂಗೆ. ಹೀಗೆ ಒಂದೊಂದು ಖರ್ಚಿಗೂ ಒಂದೊಂದು ದಾರಿ ಇತ್ತು ನಮಗೆ.

ಮತ್ತೆ ಎಲ್ಲಾ ಒಂದೇ ಸಲ ಕೈ ಕೊಡಲ್ಲ. 2011ರಲ್ಲಿ ಕೇಂದ್ರದ ಬಜೆಟ್ಟಲ್ಲಿ ಹೊರಗಡೆಯಿಂದ ತರ್ಸೋ ಕಚ್ಚಾ ರೇಷ್ಮೆ ಮೇಲಿನ ಸುಂಕ 30 ಪರ್ಸೆಂಟ್ ಇದ್ದಿದ್ದು 5ಕ್ಕೆ ಇಳಿಸಿದ್ರು, ಚೀನಾ ದಾರ ಬಂದು ನಮ್ಮ ರೇಷ್ಮೆ ಗೂಡಿನ ರೇಟು ನೆಲ ಕಚ್ತು. ನಿನ್ನ ಮಾವ ಮಾರ್ಕೆಟ್ಟಿಂದ ಬಂದು ಮಾತೇ ಆಡ್ಲಿಲ್ಲ ಆವತ್ತು. ನಮ್ಮೂರಲ್ಲೇ ಎಷ್ಟೋ ಜನ ಹುಳಕ್ಕೆ ಹಾಕೋ ಹಿಪ್ಪುನೇರಳೆ ಸೊಪ್ಪಿನ ತೋಟ ಕಿತ್ರು. ನಾವು ಹಾಲಿಂದ ಆ ವರ್ಷ ದಾಟಿದ್ವಿ. ಕೊರೊನಾ ಲಾಕ್‌ಡೌನಲ್ಲಿ ನೋಡು, ಹೂವಿನವ್ರು ಹೂವು ತಿಪ್ಪೆಗೆ ಸುರಿದ್ರು, ತರಕಾರಿ ಕೇಳೋರಿರ್ಲಿಲ್ಲ, ನಮ್ಮೂರ ಡೈರಿಲಿ ಬೆಳಗ್ಗೆ ಸಾಯಂಕಾಲ ಹಾಲು ಅಳೆಯೋದು ನಿಲ್ಲಲಿಲ್ಲ. ಅದೇ ಹಸು 2022ರಲ್ಲಿ ಚರ್ಮಗಂಟು ರೋಗ ಬಂದಾಗ ಕೈ ಬಿಡ್ತು, ನಮ್ಮದೊಂದು ಸತ್ತೇ ಹೋಯ್ತು, ಇನ್ನೊಂದು ಹಾಲು ಇಳಿಸ್ತು, ಆವಾಗ ಗೂಡಿಗೆ ಒಳ್ಳೆ ರೇಟಿತ್ತು.

ಇನ್ನೊಂದು ಮಾತು, ಇದು ನಮ್ಮ ರೈತರಲ್ಲೂ ತುಂಬಾ ಜನ ಯೋಚನೆ ಮಾಡಲ್ಲ. ಹಿಪ್ಪುನೇರಳೆ, ಹಸುಗೆ ನೇಪಿಯರ್ ಹುಲ್ಲು, ಟೊಮೆಟೋ, ಮೂರು ಕಸುಬು ಮಾಡ್ತಿದೀವಿ ಅನ್ಕೋತೀವಿ, ಮೂರಕ್ಕೂ ನೀರು ಬರೋದು ಒಂದೇ ಬೋರಿಂದ. ಬೋರು ನಿಂತ ದಿನ ಮೂರೂ ನಿಂತಂಗೆ. ತವರಿನ ಬೋರು 1200 ಅಡಿ, 2018ರಲ್ಲಿ ಕೆಸಿ ವ್ಯಾಲಿ ನೀರು, ಅದೇ ಬೆಂಗಳೂರಿನ ಕೊಳಚೆ ನೀರು ಶುದ್ಧ ಮಾಡಿ ಕಳ್ಸೋದು, ಕೆರೆಗೆ ಬಿಟ್ಮೇಲೆ ಸ್ವಲ್ಪ ಚೆನ್ನಾಗಿ ಬರ್ತಿದೆ ಅಂತ ಅಣ್ಣನೇ ಹೇಳಿದ್ದು, ಆದ್ರೆ ಅದನ್ನ ನಂಬಿ ಎರಡೂವರೆ ಎಕರೆ ಹಾಕೋಕಾಗುತ್ತಾ? ಬೋರಿಲ್ದೆ ನಡೆಯೋದು ಏನಿದೆ ಅಂತ ನೋಡು ಮೊದ್ಲು. ಮೇಲಿನ ಹೊಲದ ರಾಗಿ, ಬದುವಿನ ಹುಣಸೆಮರ, ಕುರಿ. ನಿಮ್ಮ ತಾತ ಆ ಹೊಲದಲ್ಲಿ ಅಕ್ಕಡಿ ಸಾಲು ಬಿಡ್ತಿದ್ರು, ರಾಗಿ ನಡುವೆ ಸಾಲಲ್ಲಿ ಅವರೆ, ತೊಗರಿ, ಅಲಸಂದೆ, ಹುಚ್ಚೆಳ್ಳು, ಮಳೆ ಕೈಕೊಟ್ಟು ರಾಗಿ ಜೊಳ್ಳಾದ್ರೂ ಅವರೆ ಮಂಜಿಗೇ ಬರ್ತಿತ್ತು. ಓದಿಲ್ಲ ಬರ್ದಿಲ್ಲ, ಆದ್ರೂ ಅವ್ರಿಗೆ ಗೊತ್ತಿತ್ತು. ಅದನ್ನ ಬಿಟ್ಟಿದ್ದು ನಾವು, ನಂಗೆ ಈಗ್ಲೂ ಸಂಕಟ ಆಗುತ್ತೆ.

ಹಾ, ಔಷಧಿ ವಿಷಯ ಮರ್ತಿದ್ದೆ. ಟೊಮೆಟೋಗೆ ಹೊಡೆಯೋ ಔಷಧಿ ಗಾಳಿಲಿ ಬಂದು ರೇಷ್ಮೆ ಸೊಪ್ಪಿನ ಮೇಲೆ ಕೂತ್ರೆ ಹುಳ ಉಳಿಯಲ್ಲ. ಪಕ್ಕದ ತೋಟದವ್ರು ಹೊಡೆದಿದ್ದು ಗೊತ್ತಿಲ್ದೆ ಸೊಪ್ಪು ಹಾಕಿ ನಾವು ಒಂದು ಬೆಳೆ ಪೂರ್ತಿ ಕಳ್ಕೊಂಡಿದೀವಿ, ಇನ್ನೆರಡು ದಿನಕ್ಕೆ ಹಣ್ಣಾಗಿ ಗೂಡು ಕಟ್ಟೋ ಹುಳ, ಬುಟ್ಟಿ ಬುಟ್ಟಿ ಗುಂಡಿಗೆ ಹಾಕಿ ಮಣ್ಣು ಮುಚ್ಚಿದೀವಿ. ಅದಕ್ಕೆ ಎರಡೂ ಇಟ್ಕೋತೀಯ ಅಂದ್ರೆ ನಡುವೆ ದೂರ ಬೇಕು, ಗಾಳಿ ಯಾವ ಕಡೆ ಬೀಸುತ್ತೆ ಅಂತ ನೋಡಿ ಹಾಕ್ಬೇಕು.

ಈಗ ಅತ್ತಿಗೆ ಪರವಾಗಿ ಒಂದು ಮಾತು, ಅವ್ರಾಗೇ ಹೇಳಲ್ಲ ಅಂತ ನಾನು ಹೇಳ್ತೀನಿ. ಉಪಕಸುಬು ಮಾಡಿ ಅಂತ ಮೀಟಿಂಗಲ್ಲಿ ಎಲ್ಲಾರೂ ಹೇಳ್ತಾರೆ, ಆ ಉಪಕಸುಬು ಮಾಡೋ ಕೈ ಯಾರ್ದು? ಸಗಣಿ ಬಾಚೋದು, ಹಾಲು ಕರೆಯೋದು ಅಷ್ಟೇ ಅಲ್ಲ, ರೇಷ್ಮೆ ಹುಳ ನಾಲ್ಕನೇ ಜ್ವರ, ಅಂದ್ರೆ ನಾಲ್ಕನೇ ಸಲ ಪೊರೆ ಬಿಡೋ ನಿದ್ದೆ, ಮುಗಿಸಿ ಎದ್ಮೇಲೆ ಆ ಒಂದು ವಾರ ಒಂದೇ ಸಮ ತಿನ್ನುತ್ತೆ, ಇಡೀ ಬೆಳೆಗೆ ಬೇಕಾಗೋ ಸೊಪ್ಪಲ್ಲಿ ಮುಕ್ಕಾಲಿಗಿಂತ ಜಾಸ್ತಿ ಆವಾಗ್ಲೇ ಹೋಗೋದು, ರಾತ್ರಿ ಹತ್ತಕ್ಕೂ ಸೊಪ್ಪು ಹಾಕ್ಬೇಕು. ಅತ್ತಿಗೆ ಮಂಡಿ ನೋವಲ್ಲೇ ಮಾಡ್ತಿದಾರೆ ಎಲ್ಲಾನೂ. ನೀನು ಹಸು ಮಾರ್ತೀನಿ ಅಂದಿದ್ದು ಅಮ್ಮನ ಕಷ್ಟ ನೋಡಿನೇ ಅಂತ ನಂಗೊತ್ತು. ಹಾಗಾದ್ರೆ ನೀನು ಬಂದು ಆ ಕೆಲಸಕ್ಕೆ ಕೈ ಹಾಕು, ಮೂರರಲ್ಲಿ ಹಾಲು ಕಮ್ಮಿ ಕೊಡೋ ಹಳೇದನ್ನ ಕೊಟ್ಬಿಡು, ಎರಡು ಇರ್ಲಿ. ಮೇವು ಕತ್ತರಿಸೋ ಮಿಷನ್ ಒಂದು ತರೋಣ. ಮತ್ತೆ ಡೈರಿ ದುಡ್ಡು ಅತ್ತಿಗೆ ಅಕೌಂಟಿಗೇ ಬೀಳ್ಬೇಕು, ಇದು ಅಣ್ಣನಿಗೆ ಹೇಳ್ತಿರೋದು. ನನ್ನ ಹೆಸ್ರಿಗೆ ಬರೋಕೆ ಶುರುವಾದ್ಮೇಲೆ ಈ ಮನೇಲಿ ಮಕ್ಕಳ ಓದು ನಿಲ್ಲಲಿಲ್ಲ.

ಟೊಮೆಟೋ ಆಸೆ ಇದ್ರೆ ಅರ್ಧ ಎಕರೆ ಹಾಕು, ನಿನ್ನ ಸ್ವಂತ ಉಳಿತಾಯದ ದುಡ್ಡಲ್ಲಿ, ಹೋದ್ರೆ ಅಷ್ಟೇ ಹೋಗ್ಲಿ. ರೇಷ್ಮೆ ತೋಟ ಒಂದು ಎಕರೆ ಹಾಗೇ ಇರ್ಲಿ, ಚಾಕಿ ಹುಳ, ಅಂದ್ರೆ ಬೇರೆಯವ್ರು ಸಾಕಿ ಕೊಡೋ ಎಳೇ ಹುಳ, ತಂದ್ರೆ ಮೊದಲ ವಾರದ ಕಷ್ಟ ಇಲ್ಲ, ಮೇಲಿನ ಹೊಲಕ್ಕೆ ರಾಗಿ ಅವರೆ, ಐದು ಕುರಿ. ಜಮೀನಿನ ಪತ್ರ ಮಾತ್ರ ಸದ್ಯಕ್ಕೆ ಬ್ಯಾಂಕಿಗೆ ಇಡ್ಬೇಡ ಮಗಾ, ನಿನ್ನ ಕಾಲಿಗೆ ಬಿದ್ದಂಗೆ ಕೇಳ್ತೀನಿ.

ಭಾನುವಾರ ಇಲ್ಲಿಗೆ ಬಾ. ನಮ್ಮ ಹುಳ ಅಷ್ಟೊತ್ತಿಗೆ ನಾಲ್ಕನೇ ಜ್ವರ ಎದ್ದಿರುತ್ತೆ, ಒಂದು ದಿನ ಜೊತೆಗಿದ್ದು ಕೆಲಸ ಹೆಂಗಿರುತ್ತೆ ಅಂತ ನೋಡು. ಬರೋವಾಗ ಅಣ್ಣನ ಡೈರಿ ಪಾಸ್‌ಬುಕ್ಕು, ಗೂಡು ಮಾರಿದ ಚೀಟಿಗಳು, ಬೂಸ ತಂದ ಬಿಲ್ಲು ಎಲ್ಲಾ ಒಂದು ಕವರಲ್ಲಿ ಹಾಕ್ಕೊಂಡು ಬಾ, ನಿನ್ನ ಮಾವನೂ ಇರ್ತಾರೆ, ಮೂರು ವರ್ಷದ್ದು ತಿಂಗಳು ತಿಂಗಳು ಬರೆದು ಕೂಡೋಣ, ಟೊಮೆಟೋ ಲೆಕ್ಕನೂ ಪಕ್ಕದಲ್ಲಿ ಬರಿ. ಅತ್ತಿಗೇನೂ ಕರ್ಕೊಂಡ್ ಬಾ, ಬಸ್ಸಲ್ಲಿ ಬೇಡ, ಮಂಡಿ ನೋವು, ಗಾಡಿ ಮಾಡ್ಕೊಂಡ್ ಬನ್ನಿ.