ಎರಡು ಸ್ಟೇಷನ್‌ಗಳ ಮಳೆ ಡೇಟಾ ಮಾತ್ರ ಪಾರ್ಸ್ ಆಗುತ್ತಿಲ್ಲ (ಇಎಸ್‌ಪಿ32, ನ್ಯಾನೊಪಿಬಿ, ಪೈಥಾನ್)

ತಾರಸಿ_ಮಳೆ:
ಎಲ್ಲರಿಗೂ ನಮಸ್ಕಾರ. ಬೆಂಗಳೂರಲ್ಲಿ ಒಂದು ಏರಿಯಾದಲ್ಲಿ ಮಳೆ ಸುರಿಯುವಾಗ ಪಕ್ಕದ ಏರಿಯಾ ಒಣಗಿರುತ್ತದೆ, ಅಲ್ವಾ? ಅದನ್ನೇ ಅಳೆಯೋಣ ಅಂತ ಗೆಳೆಯರ ತಾರಸಿಗಳ ಮೇಲೆ ಮಳೆಮಾಪಕ ಇಟ್ಟಿದ್ದೇವೆ. ಎಸ್.ಪಿ. ರೋಡಿನಲ್ಲಿ ತಂದ ಇಎಸ್‌ಪಿ32 ಬೋರ್ಡು, ಅದರಲ್ಲಿ ನ್ಯಾನೊಪಿಬಿ (ಚಿಕ್ಕ ಬೋರ್ಡುಗಳಿಗೆ ಮಾಡಿದ ಪ್ರೊಟೊಬಫ್ ಲೈಬ್ರರಿ; ಪ್ರೊಟೊಬಫ್ ಅಂದರೆ ಡೇಟಾವನ್ನು ನಂಬರು ಹಾಕಿದ ಫೀಲ್ಡುಗಳಾಗಿ ಬೈಟುಗಳಲ್ಲಿ ಕಟ್ಟುವ ವಿಧಾನ). ಮೆಸೇಜು ಎಂಕ್ಯೂಟಿಟಿ (ಚಿಕ್ಕ ಸಾಧನಗಳು ಮೆಸೇಜು ಕಳಿಸುವ ನೆಟ್‌ವರ್ಕ್ ಪದ್ಧತಿ) ಮೂಲಕ ಮನೆಯ ಪುಟ್ಟ ಕಂಪ್ಯೂಟರ್ ರಾಸ್ಪ್‌ಬೆರಿ ಪೈಗೆ ಬರುತ್ತದೆ. ಅಲ್ಲಿ ಓದುವುದು ಪೈಥಾನ್ ಪ್ರೊಟೊಬಫ್, ಪ್ರೊಟೊ3 (ಪ್ರೊಟೊಬಫ್ ನಿಯಮಗಳ ಮೂರನೇ ಆವೃತ್ತಿ).

ಹೋದ ವಾರ ಸ್ಟೇಷನ್ ಹೆಸರುಗಳನ್ನು ಕನ್ನಡಕ್ಕೆ ಬದಲಾಯಿಸಿದೆ. ಪೈನಲ್ಲಿ ಲೈಬ್ರರಿಯನ್ನೂ ಅಪ್‌ಡೇಟ್ ಮಾಡಿದೆ. ಆಮೇಲಿಂದ ಜಯನಗರ, ಕೋರಮಂಗಲ ಆರಾಮಾಗಿ ಬರುತ್ತಿವೆ. ಬಸವನಗುಡಿ, ಮಲ್ಲೇಶ್ವರ ಎರಡಕ್ಕೂ 'ಡಿಕೋಡ್‌ಎರರ್: ಎರರ್ ಪಾರ್ಸಿಂಗ್ ಮೆಸೇಜ್', ಅಂದರೆ ಮೆಸೇಜನ್ನು ಓದಿ ಬಿಡಿಸಲಾಗಲಿಲ್ಲ ಅಂತ. ಬೋರ್ಡನ್ನು ಕೇಳಿದರೆ ಎನ್‌ಕೋಡ್ ಸರಿಯಾಗಿದೆ ಅನ್ನುತ್ತದೆ. ಎಲ್ಲ ಬೋರ್ಡಿಗೂ ಒಂದೇ ಕೋಡ್.

ಬೈಟ್_ಬೋಂಡಾ:
ಲೈಬ್ರರಿ ವರ್ಷನ್ನಿನ ಗಲಾಟೆ ಇರಬೇಕು ಗುರು. 2022ರ ಮೇ ತಿಂಗಳಲ್ಲಿ 4.21 ಬಂದಾಗ ಹಳೆಯ ಪಿಬಿ2 ಫೈಲುಗಳು (ಮೆಸೇಜಿನ ವಿನ್ಯಾಸ ಬರೆದ ಪ್ರೊಟೊ ಫೈಲಿನಿಂದ ತಯಾರಾಗುವ ಪೈಥಾನ್ ಕೋಡು) ಎಷ್ಟೋ ಜನಕ್ಕೆ ಕೈಕೊಟ್ಟವು. 3.20ಕ್ಕೆ ವಾಪಸ್ ಹೋಗಿ ನೋಡಿ.

ಹಳೇ_ಸಿ_ಕೋಡರ್:
ಸುಮ್ನೆ ವರ್ಷನ್ ಇಳಿಸಬೇಡಿ. ಆ ತೊಂದರೆ ಪಿಬಿ2 ಫೈಲನ್ನು ಇಂಪೋರ್ಟ್ ಮಾಡುವಾಗಲೇ ಬರುತ್ತದೆ, 'ಡಿಸ್ಕ್ರಿಪ್ಟರ್ಸ್ ಕೆನಾಟ್ ಬಿ ಕ್ರಿಯೇಟೆಡ್ ಡೈರೆಕ್ಟ್ಲಿ' ಅಂತ. ಇಲ್ಲಿ ಅದೇ ಫೈಲು ಜಯನಗರದ ಮೆಸೇಜನ್ನು ಓದುತ್ತಿದೆಯಲ್ಲ.

ನನಗೆ ಅನುಮಾನ ಇರುವುದು ಹೆಸರಿನ ಮೇಲೆ. ಒಂದು ಕೆಲಸ ಮಾಡಿ. ಪೈನಲ್ಲಿ ಪ್ರೊಟೊಕಾಲ್_ಬಫರ್ಸ್_ಪೈಥಾನ್_ಇಂಪ್ಲಿಮೆಂಟೇಶನ್ ಅನ್ನೋ ಎನ್ವಿರಾನ್ಮೆಂಟ್ ವೇರಿಯಬಲ್‌ಗೆ 'ಪೈಥಾನ್' ಅಂತ ಕೊಟ್ಟು ಓಡಿಸಿ. ನಿಧಾನ ಆಗುತ್ತದೆ, ಆದರೆ ತಪ್ಪು ಯಾವ ಫೀಲ್ಡಿನಲ್ಲಿದೆ ಅಂತ ಹೆಸರು ಹಿಡಿದು ಹೇಳುತ್ತದೆ. ಜೊತೆಗೆ ಬೋರ್ಡಿನ ಆಪ್ಷನ್ಸ್ ಫೈಲಿನಲ್ಲಿ ಹೆಸರಿಗೆ ಎಷ್ಟು ಜಾಗ ಕೊಟ್ಟಿದ್ದೀರಿ, ಹಾಕಿ.

ತಾರಸಿ_ಮಳೆ:
ಹೌದು ಸರ್, ಯೂನಿಕೋಡ್‌ಡಿಕೋಡ್‌ಎರರ್, 'ಇನ್ ಫೀಲ್ಡ್' ಅಂದು ಹೆಸರಿನ ಫೀಲ್ಡನ್ನೇ ತೋರಿಸಿತು. ಜಾಗ ಮ್ಯಾಕ್ಸ್_ಸೈಜ್:24. ಬಸವನಗುಡಿಯಲ್ಲಿ ಅಷ್ಟು ಅಕ್ಷರ ಎಲ್ಲಿದೆ?

ಹಳೇ_ಸಿ_ಕೋಡರ್:
24 ಅಂದರೆ ಅಕ್ಷರ ಅಲ್ಲ, ಬೈಟು. ಅದರಲ್ಲೂ ಕೊನೆಯ ಒಂದು ಬೈಟು, ಹೆಸರು ಮುಗಿಯಿತು ಅಂತ ತಿಳಿಸುವ ಸೊನ್ನೆಗೆ ಮೀಸಲು. ಕೈಗೆ ಸಿಗುವುದು 23.

ಯುಟಿಎಫ್-8 ಅಂದರೆ ಅಕ್ಷರಗಳನ್ನು ಬೈಟುಗಳಾಗಿ ಬರೆಯುವ ಪದ್ಧತಿ. ಅದರಲ್ಲಿ ಕನ್ನಡದ ಒಂದೊಂದು ಕೋಡ್‌ಪಾಯಿಂಟಿಗೂ (ಯೂನಿಕೋಡ್ ನಂಬರು ಕೊಟ್ಟ ಚಿಹ್ನೆಗೂ) 3 ಬೈಟು. ಗುಣಿತದ ಚಿಹ್ನೆಗೂ 3, ಒತ್ತಕ್ಷರ ಮಾಡುವ ವಿರಾಮಕ್ಕೂ 3. ಜಯನಗರ 15, ಕೋರಮಂಗಲ 21, ಆದ್ದರಿಂದ ಪಾಸು. ಬಸವನಗುಡಿಯಲ್ಲಿ ಉಕಾರ, ಇಕಾರ ಸೇರಿ 8 ಕೋಡ್‌ಪಾಯಿಂಟು, ಸರಿಯಾಗಿ 24. ಒಂದೇ ಒಂದು ಬೈಟಿನಲ್ಲಿ ಫೇಲು! ಮಲ್ಲೇಶ್ವರ 27. ನೀವು ಸಿ ಭಾಷೆಯ ಎಸ್ಎನ್‌ಪ್ರಿಂಟ್ಎಫ್‌ನಲ್ಲಿ ಕಾಪಿ ಮಾಡುತ್ತಿರಬೇಕು. ಅದು 23ಕ್ಕೆ ಕತ್ತರಿಸುತ್ತದೆ, ಕೊನೆಯ ಚಿಹ್ನೆಯ ಮೂರರಲ್ಲಿ ಎರಡು ಬೈಟು ಉಳಿಯುತ್ತದೆ. ನ್ಯಾನೊಪಿಬಿ ತಾನಾಗಿ ಯುಟಿಎಫ್-8 ಪರೀಕ್ಷೆ ಮಾಡುವುದಿಲ್ಲ. ಪಿಬಿ_ವ್ಯಾಲಿಡೇಟ್_ಯುಟಿಎಫ್8 ಆನ್ ಮಾಡಿ ಕಂಪೈಲ್ ಮಾಡಿದರೆ ಬೋರ್ಡಿನಲ್ಲೇ ಸಿಕ್ಕಿಬೀಳುತ್ತಿತ್ತು. ಪ್ರೊಟೊ3ರಲ್ಲಿ ಸ್ಟ್ರಿಂಗ್ ಅಂದರೆ ಸರಿಯಾದ ಯುಟಿಎಫ್-8 ಇರಲೇಬೇಕು, ಅದಕ್ಕೇ ಪೈಥಾನ್ ಇಡೀ ಮೆಸೇಜನ್ನು ಎಸೆಯುತ್ತದೆ. ಮಳೆಯ ಲೆಕ್ಕವೂ ಅದರ ಜೊತೆಗೇ ಹೋಯಿತು.

ಬೈಟ್_ಬೋಂಡಾ:
ಹಾಗಾದರೆ 64 ಮಾಡಿದರೆ ಮುಗೀತಲ್ಲ?

ಹಳೇ_ಸಿ_ಕೋಡರ್:
ಸದ್ಯಕ್ಕೆ ನಡೆಯುತ್ತದೆ. ಎಸ್ಎನ್‌ಪ್ರಿಂಟ್ಎಫ್ ವಾಪಸ್ ಕೊಡುವ ಸಂಖ್ಯೆ ಬಫರಿನಷ್ಟೇ ಅಥವಾ ಜಾಸ್ತಿ ಇದ್ದರೆ ಹೆಸರು ತುಂಡಾಗಿದೆ ಅಂತಲೇ ಅರ್ಥ. ಅದನ್ನು ಯಾರೂ ನೋಡುವುದಿಲ್ಲ, ಅದೇ ಕರ್ಮ. ಇನ್ನೊಂದು: ಕೋರಮಂಗಲದ 'ಓ' ಚಿಹ್ನೆ ಒಂದೇ ಕೋಡ್‌ಪಾಯಿಂಟು. ಎನ್ಎಫ್‌ಡಿ ರೂಪದಲ್ಲಿ (ಚಿಹ್ನೆಯನ್ನು ಬಿಡಿ ಭಾಗಗಳಾಗಿ ಒಡೆದು ಬರೆಯುವ ಯೂನಿಕೋಡ್ ರೂಪ) ಬಂದರೆ ಅದೇ ಮೂರಾಗುತ್ತದೆ. ಆಗ 21 ಇದ್ದದ್ದು 27! ನೋಡೋಕೆ ಮಾತ್ರ ಏನೂ ವ್ಯತ್ಯಾಸ ಇಲ್ಲ.

ನಾನಾದರೆ ಹೆಸರನ್ನು ಕಳಿಸುವುದೇ ಇಲ್ಲ. ಸ್ಟೇಷನ್‌ಗೆ ಒಂದು ನಂಬರು ಕೊಟ್ಟು, ಕನ್ನಡ ಹೆಸರಿನ ಪಟ್ಟಿಯನ್ನು ಪೈನಲ್ಲಿ ಇಡುತ್ತೇನೆ. ಬಸವನಗುಡಿ ಅಂತ ಪೂರ್ತಿ ಕಳಿಸಿದರೆ ಟ್ಯಾಗು (ಫೀಲ್ಡಿನ ಗುರುತು), ಉದ್ದ ಎಲ್ಲ ಸೇರಿ 26 ಬೈಟು. 127ರವರೆಗಿನ ನಂಬರಾದರೆ, ಫೀಲ್ಡ್ ನಂಬರು 1ರಿಂದ 15ರ ಒಳಗಿದ್ದರೆ, ಎರಡೇ ಬೈಟು. ಆದರೆ ಯಾವ ಸ್ಟೇಷನ್‌ಗೂ 0 ಕೊಡಬೇಡಿ. ಪ್ರೊಟೊ3ರಲ್ಲಿ ಫೀಲ್ಡು ಬರದೇ ಇದ್ದರೂ 0 ಅಂತಲೇ ಕಾಣುತ್ತದೆ.

ತಾರಸಿ_ಮಳೆ:
ನಂಬರಿನ ದಾರಿಯನ್ನೇ ಹಿಡಿದೆ, ಬಸವನಗುಡಿ ಬರುತ್ತಿದೆ. ತುಂಬಾ ಥ್ಯಾಂಕ್ಸ್ ಸರ್. ಹೆಸರು ಫೀಲ್ಡ್ 2ರಲ್ಲಿತ್ತು. ಆ ಜಾಗಕ್ಕೇ ನಂಬರನ್ನು ಹಾಕಬಹುದಾ? ಮಲ್ಲೇಶ್ವರದ ಬೋರ್ಡಿಗೆ ಭಾನುವಾರದ ತನಕ ಕೈ ಎಟುಕುವುದಿಲ್ಲ, ಅದು ಹಳೇ ಮೆಸೇಜನ್ನೇ ಕಳಿಸುತ್ತಿದೆ.

ಹಳೇ_ಸಿ_ಕೋಡರ್:
ಬೇಡ. ಹಳೇ ಬೋರ್ಡು ಇನ್ನೂ 2ರಲ್ಲಿ ಸ್ಟ್ರಿಂಗ್ ಕಳಿಸುತ್ತಿದೆ. 2ನ್ನು ಮತ್ತೆ ಯಾರೂ ಬಳಸದ ಹಾಗೆ ಪ್ರೊಟೊ ಫೈಲಿನಲ್ಲಿ 'ರಿಸರ್ವ್ಡ್ 2;' ಅಂತ ಬರೆದು, ನಂಬರಿಗೆ ಬೇರೆ ಖಾಲಿ ಫೀಲ್ಡ್ ಕೊಡಿ. ಇದರಿಂದ ಇನ್ನೊಂದು ಲಾಭ ಇದೆ. ಪೈ ಕಡೆ 2 ಈಗ ಗೊತ್ತಿಲ್ಲದ ಫೀಲ್ಡು, ಅದರೊಳಗೆ ಯುಟಿಎಫ್-8 ಸರಿ ಇದೆಯಾ ಅಂತ ಯಾರೂ ಕೇಳುವುದಿಲ್ಲ. ಮಲ್ಲೇಶ್ವರದ ಮಳೆ ಇವತ್ತೇ ಓದಬಹುದು, ಸ್ಟೇಷನ್ ನಂಬರು 0 ಅಂತ ಬರುತ್ತದೆ ಅಷ್ಟೆ. ಯಾವ ಬೋರ್ಡು ಅಂತ ಎಂಕ್ಯೂಟಿಟಿ ಟಾಪಿಕ್ (ಮೆಸೇಜಿನ ವಿಳಾಸ) ನೋಡಿ ಗುರುತಿಸಿ.